ತೆಗೆದ ಸದ್ದನ್ನು ಎಸೆಯದ ಮುನಾವರ

ಬೆಳಗಿನ ಐದೂಕಾಲು. ಶಹಾಪುರದ ಬೇಳೆ ಗಿರಣಿ ಏಳಕ್ಕೆ ಗದ್ದಲ ಶುರುಮಾಡುತ್ತದೆ. ಅಷ್ಟರೊಳಗೆ ಪಕ್ಕದ ರೇಡಿಯೊ ರಿಪೇರಿ ಅಂಗಡಿಯ ಮುನಾವರ ತಮ್ಮ ಆಲಿಸುವ ಕೆಲಸ ಮುಗಿಸಬೇಕು. ಹಾಡೊಂದರ ಹನ್ನೆರಡು ಸೆಕೆಂಡುಗಳನ್ನು ಅವರೀಗ ನಲವತ್ತನೆಯ ಬಾರಿ ಕೇಳುತ್ತಿದ್ದಾರೆ.

ಹಾಡು 1983ರ ಆಲ್ಬಂ ಒಂದರದು. ಭೀಮರಾಯನಗುಡಿಯ ನೀರಾವರಿ ಕ್ಯಾಂಪಿನ ನಾಲ್ವರು ನೌಕರರು ಉಗ್ರಾಣದ ಹಲಗೆ ನೆಲದ ಮೇಲೆ ಕುಳಿತು ಮುದ್ರಿಸಿದ ರಾಕ್ ಆಲ್ಬಂ ‘ನಾಲ್ಕನೇ ತೂಬು’. ಒಂದೊಂದು ಹಾಡೂ ಹದಿನೆಂಟು ನಿಮಿಷ. ತಾಳ ಏಳೇಳು ಎಣಿಕೆಗೆ ತಿರುಗುತ್ತದೆ. ನೂರೇ ಕ್ಯಾಸೆಟ್ಟುಗಳು ನಕಲಾಗುತ್ತ ಈ ಸೀಮೆಯನ್ನೆಲ್ಲ ಸುತ್ತಿವೆ. ಮೂಲ ಟೇಪು ಆ ನಾಲ್ವರಲ್ಲೊಬ್ಬರಾದ ಗಾಯಕಿ ಭುವನೇಶ್ವರಿಯವರ ಸುರಪುರದ ಮನೆಯಲ್ಲಿತ್ತು.

ತೇವ ಹೀರಿ ಅದರ ಲೇಪ ಅಂಟಂಟಾಗಿತ್ತು. ಬಲ್ಬು ಉರಿಸಿದ ತಗಡಿನ ಪೆಟ್ಟಿಗೆಯಲ್ಲಿ ಐವತ್ತನಾಲ್ಕು ಡಿಗ್ರಿಗೆ ಎಂಟು ಗಂಟೆ ಕಾಯಿಸಿ, ಮುನಾವರ ಒಂದು ಸಲ ನುಡಿಸಿ ಕಂಪ್ಯೂಟರಿಗೆ ಇಳಿಸಿಕೊಂಡರು. ಎರಡನೆಯ ಸಲಕ್ಕೆ ಲೇಪವೇ ಉದುರಿತು. ಗಾಯನ, ಗಿಟಾರ್, ಆರ್ಗನ್, ಡ್ರಮ್ ಬೇರೆ ಬೇರೆ ಪದರಗಳಲ್ಲಿದ್ದವು; ಒಂದೊಂದನ್ನೂ ಶುದ್ಧಗೊಳಿಸಿ ಮತ್ತೆ ಹೆಣೆಯಲು ಏಳು ತಿಂಗಳು ಹಿಡಿಯಿತು. ನಡುವೆ ಸಿಡಿಲಿಗೆ, ಟೇಪಿನಿಂದ ಇಳಿಸಿದ್ದ ಮೊದಲ ಪ್ರತಿಯಿದ್ದ ಹಾರ್ಡ್‌ಡಿಸ್ಕ್ ಸುಟ್ಟಿತು; ಶುದ್ಧಗೊಳಿಸಿದ ಪದರಗಳು ಬೇರೆ ಡಿಸ್ಕಿನಲ್ಲಿದ್ದು ಉಳಿದವು.

ಹೋದ ವಾರ ಕೇಳಲು ಬಂದ ಭುವನೇಶ್ವರಿ ಮೂರನೆಯ ನಿಮಿಷಕ್ಕೇ ಹೆಡ್‌ಫೋನ್ ತೆಗೆದಿಟ್ಟರು.

“ಮುನಾವರ, ಇದರಾಗ ಬೀರಣ್ಣ ಎಲ್ಲ್ಯದಾನೋ?”

“ಅದಾರಲ್ರಿ ಅಕ್ಕಾರ. ಆರ್ಗನ್ ಎಷ್ಟ್ ಸಾಫ್ ಕೇಳಸಾಕತ್ತದ!”

“ಸಾಫ್ ಮಾಡಿ ಮಾಡಿ ಅವನನ್ನ ತೊಳದ ಬಿಟ್ಟೀಯಲ್ಲೋ! ಬಲಗಾಲಲೆ ನೆಲಾ ಬಡೀದ ಅಂವಾ ಒಂದ್ ಸಾಲೂ ಬಾರಿಸ್ತಿದ್ದಿಲ್ಲ. ಆ ಸಪ್ಪಳ ಕೇಳೇ ನಾವು ಏಳು ಎಣಸ್ತಿದ್ದಿವಿ.”

ಆರ್ಗನ್ ಬಾರಿಸುತ್ತಿದ್ದ ಬೀರಣ್ಣ ತೀರಿಕೊಂಡು ಹನ್ನೊಂದು ವರ್ಷ. ಈ ಆಲ್ಬಂ ಬಿಟ್ಟರೆ ಅವರು ಬಾರಿಸಿದ್ದು ಬೇರೆಲ್ಲೂ ಮುದ್ರಿತವಾಗಿಲ್ಲ. ಆ ದಬ್ ಸದ್ದನ್ನು ಮುನಾವರ ಸಡಿಲ ತಂತಿಯ ದೋಷವೆಂದು ಬಗೆದು ತೆಗೆದಿದ್ದರು.

ಆದರೆ ಎಸೆದಿರಲಿಲ್ಲ. ತಂದೆ ಮಸ್ತಾನಸಾಬ ರೇಡಿಯೊದಿಂದ ಕಳಚಿದ ಭಾಗವನ್ನು ಕಾಗದದಲ್ಲಿ ಕಟ್ಟಿ ಗಿರಾಕಿಗೇ ಮರಳಿಸುತ್ತಿದ್ದರು. “ತಗದಿದ್ದೂ ಅವರ ಮಾಲೇ ಐತಿ ಅಂತಿದ್ದ ನಮ್ಮಪ್ಪ,” ಎನ್ನುತ್ತಾರೆ ಮುನಾವರ. ಹಾಗೆಂದೇ ತೆಗೆದ ಸದ್ದುಗಳನ್ನೆಲ್ಲ ಬೇರೊಂದು ಕಡತದಲ್ಲಿ ಕೂಡಿಟ್ಟಿದ್ದರು, ಅದೂ ಇನ್ನೊಂದು ಡಿಸ್ಕಿನಲ್ಲಿ. ಗುಂಯ್‌ಗುಡುವಿಕೆ, ಚಟಪಟಗಳ ನಡುವಿನಿಂದ ಆರು ಮುಂಜಾವುಗಳಲ್ಲಿ ಒಂದೊಂದೇ ಬಡಿತ ಹೆಕ್ಕಿ, ಅದರ ಜಾಗಕ್ಕೆ ಸೇರಿಸಿದ್ದಾರೆ. ಕೊನೆಯ ಹನ್ನೆರಡು ಸೆಕೆಂಡು ಇಂದಿಗೆ ಮುಗಿಯುತ್ತದೆ.

ಮತ್ತೆ ಬಿಡುಗಡೆಯಾಗಲಿರುವ ಆಲ್ಬಮ್ಮಿನ, ಯಾದಗಿರಿಯ ಮುದ್ರಣಾಲಯಕ್ಕೆ ಹೋಗಲಿರುವ ಹೊದಿಕೆಯ ಕರಡನ್ನು ಅವರು ತೋರಿಸುತ್ತಾರೆ. ಕಲಾವಿದರ ಪಟ್ಟಿಯಲ್ಲಿ ಅವರದೇ ಕೈಬರಹದ ಒಂದು ತಿದ್ದುಪಡಿ: ‘ಬೀರಣ್ಣ: ಆರ್ಗನ್ ಮತ್ತು ಬಲಗಾಲು.’

ಮುನಾವರರ ಹೆಸರು ಎಲ್ಲಿಯೂ ಇಲ್ಲ.

“ನಂದ್ಯಾಕ್ರಿ?” ಎಂದು ನಗುತ್ತಾರೆ. “ನಾ ಏನರ ಬಾರಿಸೇನೇನು? ಭುವನೇಶ್ವರಿ ಅಕ್ಕಾರು ಈ ಸಲ ಹದಿನೆಂಟು ನಿಮಿಷಾನೂ ಕುಂತು ಕೇಳಿದ್ರ ಸಾಕು.”