ಮುದುಕಮ್ಮ ಉಗುಳಿದ ಅಕ್ಕಿ

ಜವಳಗೇರಾದ ಮುದುಕಮ್ಮನಿಗೆ ಐವತ್ತೆಂಟು. ಸಿಂಧನೂರಿನ ಅಮರಗುಂಡಪ್ಪ ಸಾವುಕಾರರ ಅಕ್ಕಿ ಮಿಲ್ಲಿನಲ್ಲಿ ಅವಳು ಮಾಡುತ್ತಿದ್ದ ಕೆಲಸಕ್ಕೆ ಹೆಸರೇ ಇರಲಿಲ್ಲ. ಕೊಳ್ಳುವವರು ಬಂದಾಗ ಚೀಲದಿಂದ ನಾಲ್ಕು ಕಾಳು ಬಾಯಿಗೆ ಹಾಕಿಕೊಂಡು ಕಡಿದು, ಅಕ್ಕಿಗೆ ಎಷ್ಟು ತಿಂಗಳಾಯಿತೆಂದು ಹೇಳುವುದು, ಅಷ್ಟೇ. ಇಪ್ಪತ್ತಾರು ವರ್ಷದಲ್ಲಿ ಒಮ್ಮೆಯೂ ತಪ್ಪಿದವಳಲ್ಲ. "ಮುದುಕವ್ವ ಏನಂದ್ಲು?" ಎಂದು ಕೇಳದೆ ಲಿಂಗಸುಗೂರಿನ ವ್ಯಾಪಾರಿಗಳು ಚೀಲ ಎತ್ತುತ್ತಿರಲಿಲ್ಲ.

ಹಳೆ ಅಕ್ಕಿ ತಾನಾಗಿ ಆಗುವಂಥದ್ದಲ್ಲ. ಹೊಸ ಅಕ್ಕಿಯ ಅನ್ನ ಮುದ್ದೆಯಾಗುತ್ತದೆ, ಹೊಟ್ಟೆಗೆ ಭಾರ. ಬಾಣಂತಿಗಂತೂ ವರ್ಷ ತುಂಬಿದ ಅಕ್ಕಿಯೇ ಆಗಬೇಕು. ಆ ವರ್ಷ ತುಂಬಿಸುವುದು ಮುದುಕಮ್ಮನಂಥ ಹೆಂಗಸರ ಕೈ. ಪ್ರತಿ ಅಮಾವಾಸ್ಯೆಗೆ ಚೀಲ ಬಿಚ್ಚಿ, ನೆರಳಲ್ಲಿ ಗಾಳಿಗೆ ಹರವಿ, ಮೊರದಲ್ಲಿ ಕೇರಿ, ನುಸಿ ಆರಿಸಿ, ಒಣಗಿದ ಬೇವಿನೆಲೆ ಹಾಕಿ ಮತ್ತೆ ಬಾಯಿ ಹೊಲಿಯಬೇಕು. ಹನ್ನೆರಡು ಸಲ ಹೀಗೆ ಮಾಡಿದ ಮೇಲೆ ಅದು ಹಳೆ ಅಕ್ಕಿ.

ಹೋದ ವರ್ಷ ಮಸ್ಕಿಯ ಕಡೆ ಬಂಡೆಯೊಂದರಲ್ಲಿ ವಿಜ್ಞಾನಿಗಳಿಗೆ ಕಾಲಾಣು ಸಿಕ್ಕಿತು. ಪರಮಾಣುವಿನ ಹೊಟ್ಟೆಯೊಳಗೆ ಅಡಗಿರುವ ಕಣ, ಕಣ್ಣಿಗೆ ಕಾಣದ್ದು. ಅದು ಗುಂಪಾಗಿ ಸೇರಿದ ಕಡೆ ಕಾಲ ಓಟ ಕೀಳುತ್ತದೆ. ಇಂಥದ್ದು ಕೈಗೆ ಸಿಕ್ಕರೆ ಮನುಷ್ಯ ಏನೇನೋ ಮಾಡಬಹುದಿತ್ತು. ನಮ್ಮವರು ಅಕ್ಕಿ ಹಳೆಯದು ಮಾಡಲು ಹೊರಟರು. ಅಮರಗುಂಡಪ್ಪನವರು ಲಿಂಗಸುಗೂರಿಗೆ ಓಡಾಡಿ ಪರವಾನಗಿ ಮಾಡಿಸಿ, ಕಾಲಾಣು ತುಂಬಿದ ಉಕ್ಕಿನ ಕೋಣೆಯೊಂದನ್ನು ಮಿಲ್ಲಿನ ಹಿಂದೆ ನಿಲ್ಲಿಸಿದರು. ಹೊಸ ಅಕ್ಕಿಯ ಚೀಲ ಒಳಗಿಟ್ಟು ಬಾಗಿಲು ಹಾಕಿದರೆ ಹೊರಗೆ ಒಂದು ತಾಸು, ಒಳಗೆ ಒಂದು ವರ್ಷ.

ಮೊದಲ ದಿನ ಬಾಗಿಲು ತೆಗೆದಾಗ ಬಂದ ವಾಸನೆಗೆ ಮುದುಕಮ್ಮ ಸೆರಗನ್ನು ಮೂಗಿಗೆ ಹಿಡಿದಳು. ಒಳಗೆ ವರ್ಷವೇನೋ ಕಳೆದಿತ್ತು, ಆದರೆ ಆ ವರ್ಷದಲ್ಲಿ ಒಂದು ಕೈಯೂ ಚೀಲ ಮುಟ್ಟಿರಲಿಲ್ಲ. ನಾಲ್ಕು ನುಸಿ ಮಕ್ಕಳು ಮೊಮ್ಮಕ್ಕಳಾಗಿ, ತಿಂದು, ಹಿಕ್ಕೆ ಹಾಕಿ, ಸತ್ತು, ಚೀಲದ ತುಂಬ ಬೂದಿಯಾಗಿದ್ದವು. ಕಾಳಿಗೆ ಕಾಳು ಅಂಟಿ ಬಲೆಗಟ್ಟಿತ್ತು. ಸಾವುಕಾರರು ಮುಖ ಕೂಡ ಕಿವುಚಲಿಲ್ಲ. ಜರಡಿ ಹಿಡಿಸಿದರು, ಮತ್ತೊಮ್ಮೆ ಪಾಲಿಶ್ ಹೊಡೆಸಿದರು, ಘಮಕ್ಕೆಂದು ಏನೋ ಸಿಂಪಡಿಸಿದರು. ಅಕ್ಕಿ ನೋಡಲು ಮಲ್ಲಿಗೆಯಂತಾಯಿತು.

"ನೀ ಸುಳ್ಳು ಹೇಳಬ್ಯಾಡವ್ವ. ವರ್ಷ ಆಗೈತೋ ಇಲ್ಲೋ, ಅಷ್ಟ ಹೇಳು," ಅಂದರು.

ವರ್ಷ ಆಗಿತ್ತು. ಹಾಗಾಗಿ ಮೂರು ತಿಂಗಳು ಮುದುಕಮ್ಮ "ವರ್ಷ ಆಗೈತಿ" ಅಂದಳು. ಅಂದು, ಮಿಲ್ಲಿನ ಹಿಂದೆ ಹೋಗಿ ಉಗುಳಿ, ನಲ್ಲಿಯಲ್ಲಿ ಬಾಯಿ ಮುಕ್ಕಳಿಸುತ್ತಿದ್ದಳು. ಮನೆಯಲ್ಲಿ ಅನ್ನದ ತಟ್ಟೆ ಮುಂದೆ ಕೂತರೂ ಅದೇ ವಾಕರಿಕೆ. ಸುಳ್ಳಲ್ಲದ ಮಾತಿನಲ್ಲೂ ಇಷ್ಟು ಹೇಸಿಗೆ ಇರುತ್ತದೆಂದು ಅವಳಿಗೆ ಗೊತ್ತಿರಲಿಲ್ಲ. ಸಾವುಕಾರರ ಮೇಲೆ ಅಸಹ್ಯ, ಅದಕ್ಕಿಂತ ಹೆಚ್ಚು ತನ್ನ ನಾಲಿಗೆಯ ಮೇಲೆ.

ಒಂದು ದಿನ ಸಾವುಕಾರರು ಅವಳನ್ನು ಪಕ್ಕಕ್ಕೆ ಕರೆದರು. ಅವರ ಸೊಸೆ ಅಮೂಲ್ಯಾ ಹಡೆದಿದ್ದಳು.

"ನಿಮ್ಮ ಮನ್ಯಾಗ ಬೇವಿನೆಲಿ ಹಾಕಿ ಇಟ್ಟ ಅಕ್ಕಿ ಐತಲ್ಲ, ಒಂದ್ ಹತ್ತು ಕಿಲೋ ಕೊಡವ್ವ. ಬಾಣಂತಿಗೆ ಬೇಕು."

"ಮಿಲ್ಲಿನ್ಯಾಗ ರಾಶಿ ಬಿದ್ದೈತಲ್ರಿ?"

"ಛೀ! ಅದನ್ನ ಮನ್ಯಾಗ ಉಣ್ತಾರೇನು?"

ಆ 'ಛೀ' ರಾತ್ರಿಯೆಲ್ಲ ಅವಳ ಕಿವಿಯಲ್ಲೇ ಕೂತಿತ್ತು. ಆದರೂ ಕೂಸಿನದೇನು ತಪ್ಪು ಎಂದು ಮರುದಿನ ಗಡಿಗೆ ಬರಿದು ಮಾಡಿ, ಗಂಟು ಕಟ್ಟಿಕೊಂಡು ಮಿಲ್ಲಿಗೆ ಬಂದಳು.

ಬಂದು ನಿಂತಿದ್ದಳೋ ಇಲ್ಲವೋ, ಮಸ್ಕಿಯ ಸುಲ್ತಾನಾ ಬಂದಳು. ವರ್ಷ ವರ್ಷವೂ ಮುದುಕಮ್ಮನ ಮಾತಿನ ಮೇಲೆ ಅಕ್ಕಿ ಒಯ್ಯುತ್ತಿದ್ದವಳು.

"ಅಕ್ಕಾ, ನಮ್ಮ ಮಗಳು ಶಾಹೀಸ್ತಾ ಹಡದಾಳ. ಹಳೆ ಅಕ್ಕಿ ಬೇಕಾಗಿತ್ತು. ನೀ ಬಾಯಾಗ ಹಾಕ್ಕೊಂಡು ಹೇಳಿದ್ರ ಸಾಕು, ನಾ ಚೀಲಾನೂ ಬಿಚ್ಚಿ ನೋಡಂಗಿಲ್ಲ."

ಲಿಂಗಸುಗೂರಿನ ಇಬ್ಬರು ವ್ಯಾಪಾರಿಗಳು ಟೆಂಪೋಕ್ಕೆ ಚೀಲ ಹೇರಿಸುತ್ತಿದ್ದರು. ಸಾವುಕಾರರು ಕುರ್ಚಿಯಿಂದಲೇ, "ಹೇಳವ್ವ ಮುದುಕಮ್ಮ," ಅಂದರು.

ಅವಳು ನಾಲ್ಕು ಕಾಳು ಕಡಿದಳು. ಘಮದ ಕೆಳಗಿನ ಮುಗ್ಗಲು ಗಂಟಲಿಗೆ ಹತ್ತಿತು. ಈ ಸಲ ಹಿಂದೆ ಹೋಗಲಿಲ್ಲ. ಸಾವುಕಾರರ ಕುರ್ಚಿಯ ಮುಂದೆಯೇ ಥೂ ಎಂದು ಉಗುಳಿದಳು.

"ವರ್ಷ ಆಗೈತಿ. ಆದ್ರ ಆ ವರ್ಷಪೂರ್ತಿ ಇದನ್ನ ಯಾರೂ ನೋಡಿಲ್ಲ. ಹುಳ ಸಂಸಾರ ಮಾಡಿ ಇದರಾಗ ಸತ್ತಾವ. ಬಾಣಂತಿಗೆ ಬ್ಯಾಡ, ಯಾರಿಗೂ ಬ್ಯಾಡ. ಮೂರು ತಿಂಗಳಿಂದ ನಾ ಈ ಹೇಸಿಗೀನ ವರ್ಷದ ಅಕ್ಕಿ ಅಂತ ಹೇಳಾಕತ್ತಿದ್ದೆ."

"ನಾಳಿಂದ ಮಿಲ್ಲಿಗೆ ಬರಬ್ಯಾಡ ನೀ!" ಸಾವುಕಾರರು ಎದ್ದು ನಿಂತರು.

"ಬರಂಗಿಲ್ರಿ."

ಮುದುಕಮ್ಮ ನೆಲಕ್ಕೆ ಕೂತು ಗಂಟು ಬಿಚ್ಚಿದಳು. ಅರ್ಧ ಅಕ್ಕಿಯನ್ನು ಸುಲ್ತಾನಾಳ ಚೀಲಕ್ಕೆ ಸುರಿದಳು. ಬೇವಿನೆಲೆಗಳೂ ಜೊತೆಗೆ ಬಿದ್ದವು. ಉಳಿದರ್ಧವನ್ನು ಮತ್ತೆ ಕಟ್ಟಿ, ವ್ಯಾಪಾರಿಗಳಿಗೂ ಕೇಳುವಂತೆ ಹೇಳಿದಳು:

"ಇದು ನಿಮ್ಮ ಸೊಸಿಗೆ ತಗೋರಿ, ಸಾವ್ಕಾರ್ರ. ಮಿಲ್ಲಿಂದು ಮನ್ಯಾಗ ಉಣ್ಣಂಗಿಲ್ಲ ಅಂದ್ರಲ್ಲ."

ಅಮರಗುಂಡಪ್ಪನವರು ಒಂದು ಗಳಿಗೆ ನೆಲದ ಮೇಲಿನ ಉಗುಳನ್ನೇ ನೋಡಿದರು. ಬೇಡ ಅನ್ನಬಹುದಿತ್ತು, ಆದರೆ ಮನೆಯಲ್ಲಿ ಬಾಣಂತಿ ಇದ್ದಳು. ಎರಡೂ ಕೈ ಚಾಚಿ ಗಂಟು ತಗೊಂಡರು. ಅದನ್ನು ನೋಡಿದ ಮೇಲೆ ವ್ಯಾಪಾರಿಗಳು ಟೆಂಪೋದಿಂದ ಚೀಲಗಳನ್ನು ಕೆಳಗಿಳಿಸತೊಡಗಿದರು.