ಶೇಖಾ ಗಾಲಿಯಾ ನೆಲಕ್ಕಿಟ್ಟ ಬಟ್ಟಲು

ನಾನು ಕಾಯಿಸಿದ ಗಹ್ವಾ ಕಾಫಿಯನ್ನು ಆರಲು ಬಿಟ್ಟವರನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತದೆ. ಊರನ್ನಾಳುವ ಅಮೀರನ ತಂಗಿ ಶೇಖಾ ಗಾಲಿಯಾಳ ಮನೆಯಲ್ಲಿ ದಿನವೂ ಅದೇ ಗೋಳು. ನಮ್ಮ ಕಡೆ ದೊಡ್ಡದೇನಾದರೂ ಬೇಡಲು ಬಂದವರು ಗಹ್ವಾದ ಬಟ್ಟಲನ್ನು ಹಾಗೇ ನೆಲದ ಮೇಲಿಡುತ್ತಾರೆ. ಮನೆಯವರು "ಆಯಿತು, ಕುಡಿ" ಅನ್ನುವವರೆಗೆ ತುಟಿಗೆ ಸೋಕಿಸುವುದಿಲ್ಲ. ಕುಡಿಯದೆ ಎದ್ದು ಹೋದರೆ ಆ ಮನೆಯ ಮಾನ ಹೋದಂತೆ. ಗಾಲಿಯಾಳೋ, ಬಟ್ಟಲು ನೆಲ ಮುಟ್ಟುವ ಮೊದಲೇ "ಆಯಿತು" ಅನ್ನುವವಳು. ವಿಧವೆಗೆ ಮನೆ, ಮೀನುಗಾರನಿಗೆ ದೋಣಿ. ಅವಳ ಬಳೆಗಳೆಲ್ಲ ಊರ ಮದುವಣಗಿತ್ತಿಯರ ಕೈ ಸೇರಿದ್ದವು.

"ನೀನು ಅಮೀರನ ತಂಗಿಯೋ, ಊರಿಗೆ ಬಿಟ್ಟ ಖರ್ಜೂರದ ಮರವೋ?" ಎಂದು ನಾನು ರೇಗುತ್ತಿದ್ದೆ. ನನ್ನಮ್ಮನ ಹಾಲು ಕುಡಿದೇ ನಾವಿಬ್ಬರೂ ಬೆಳೆದದ್ದು. ಆ ಸಲಿಗೆ ನನಗಿತ್ತು.

"ಮರಾನೇ ಕಣೇ ಸಲ್ಲೂಮಾ. ಕಲ್ಲು ಹೊಡೆಯೋಳು ನೀನೊಬ್ಳೇ," ಎಂದು ನಗುತ್ತಿದ್ದಳು.

ಅವಳು ಹೆಣ್ಣುಮಕ್ಕಳಿಗೊಂದು ಶಾಲೆ ಕಟ್ಟಿಸಿದಳು. ಬಸ್ರಾ ನಗರದಿಂದ ಟೀಚರ್ ಬಂದರು, ಬೆಂಚುಗಳು ಬಂದವು, ಹುಡುಗಿಯರು ಮಾತ್ರ ಬರಲಿಲ್ಲ. "ಓದಿದ ಹೆಣ್ಣು, ಹೇಳಿದ ಮಾತು ಕೇಳಲ್ಲ" ಎಂದು ಸೂಲಗಿತ್ತಿ ಉಮ್ ಖಲ್ಫಾನ್ ಅಂದುಬಿಟ್ಟಿದ್ದಳು. ಊರಿಗೂರೇ ಅವಳ ಕೈಮೇಲೆ ಹುಟ್ಟಿದ್ದು, ಮಾತು ಮೀರುವವರು ಯಾರು? ಶನಿವಾರಕ್ಕೆ ಒಬ್ಬ ಹುಡುಗಿಯಾದರೂ ಬರದಿದ್ದರೆ ಆ ಕಟ್ಟಡ ತನ್ನ ಬೇಟೆಯ ಗಿಡುಗಗಳಿಗೆ ಎಂದು ಅಮೀರ ಹೇಳಿಕಳಿಸಿದ. ಗಾಲಿಯಾ ಅತ್ತದ್ದನ್ನು ನಾನು ನೋಡಿದ್ದು ಅಂದೇ.

ಶುಕ್ರವಾರ ನನ್ನನ್ನು ಎಳೆದುಕೊಂಡು ಉಮ್ ಖಲ್ಫಾನಳ ಮನೆಗೇ ಹೋದಳು. ಮುದುಕಿ ಗಹ್ವಾ ಕೊಟ್ಟಳು. ಊರಿಗೆಲ್ಲ ಕೊಡುತ್ತಿದ್ದ ಗಾಲಿಯಾ ಬಟ್ಟಲನ್ನು ಮೆಲ್ಲಗೆ ನೆಲಕ್ಕಿಟ್ಟಳು.

"ನಿನ್ನ ಮೊಮ್ಮಗಳು ಶಮ್ಮಾನ ಶಾಲೆಗೆ ಕಳಿಸು, ತಾಯಿ."

"ಮೊದ್ಲು ಕುಡಿ ಮಗಳೇ, ಆರೋಗತ್ತೆ."

"ಆರಲಿ."

"ಅಮೀರನ ತಂಗಿ ನನ್ನ ಮನೇಲಿ ಬಾಯಾರಿ ಹೋದ್ಳು ಅಂತ ಊರೋರು ಆಡ್ಕೊಳ್ಳಲ್ವಾ?"

"ಆಡ್ಕೊಳ್ಲಿ."

ಮುದುಕಿ ಕಣ್ಣು ಕಿರಿದು ಮಾಡಿದಳು. "ಅಕ್ಷರ ಅಷ್ಟು ಒಳ್ಳೇದಾ? ನೀನು ಕಲ್ತಿದ್ದೀಯಾ?"

ಗಾಲಿಯಾ ಕಾಗದಗಳಿಗೆಲ್ಲ ಉಂಗುರದ ಮುದ್ರೆ ಒತ್ತುತ್ತಿದ್ದಳು. ಓದು ಬಾರದೆಂಬುದು ನನಗೊಬ್ಬಳಿಗೇ ಗೊತ್ತಿತ್ತು.

"ಇಲ್ಲ ತಾಯಿ. ಒಂದಕ್ಷರಾನೂ ಬರಲ್ಲ. ಅದಕ್ಕೇ ಕಟ್ಟಿಸಿದ್ದು."

"ಹಂಗಾದ್ರೆ ನೀನೂ ಬೆಂಚಲ್ಲಿ ಕೂತ್ಕೋ. ನೀನಿದ್ರೆ ಶಮ್ಮಾನೂ ಇರ್ತಾಳೆ."

"ಅಯ್ಯೋ, ಕೂದಲು ನೆರೆತ ಹೆಂಗಸು ಮಕ್ಕಳ ಜೊತೆ..." ಎಂದೆ.

"ಬಾಯ್ಮುಚ್ಚೇ," ಅಂದಳು ಗಾಲಿಯಾ. "ಕೂತ್ಕೋತೀನಿ ತಾಯಿ."

"ಆಯ್ತು. ಕುಡಿ."

ಆರಿದ್ದನ್ನೇ ಗಟಗಟ ಕುಡಿದು, "ಸಲ್ಲೂಮಾಳ ಗಹ್ವಾಗಿಂತ ಚೆನ್ನಾಗಿದೆ," ಅಂದಳು. ಪಾಪಿ!

ಶನಿವಾರ ಮೊದಲ ಬೆಂಚಿನಲ್ಲಿ ಇಬ್ಬರೇ: ಶಮ್ಮಾ, ಗಾಲಿಯಾ. "ಗಾಲಿಯಾ, ಪಕ್ಕದವಳದ್ದು ನೋಡಿ ಬರೀಬೇಡ!" ಎಂದು ಟೀಚರ್ ಗದರಿದ್ದು ಸಂತೆಯವರೆಗೂ ಮುಟ್ಟಿತು. ಶೇಖಾ ಬೈಸಿಕೊಳ್ಳುವುದನ್ನು ನೋಡಲು ಹೆಂಗಸರು ಕಿಟಕಿಗೆ ಮುತ್ತಿದರು. ನೋಡಿದವರು ಸುಮ್ಮನಿರಲಿಲ್ಲ, ಮಕ್ಕಳನ್ನೂ ಕರೆತಂದರು. ಬೆಂಚು ಸಾಲದೆ ಚಾಪೆ ಹಾಸಬೇಕಾಯಿತು. ಗಿಡುಗಗಳು ಇದ್ದಲ್ಲೇ ಇದ್ದವು.

ವರ್ಷದ ಕೊನೆಗೆ ಶಮ್ಮಾ ಪಾಸಾದಳು. ನಮ್ಮ ಶೇಖಾ ಫೇಲು. ನಕ್ಕು ನಕ್ಕು ನನ್ನ ಪಕ್ಕೆ ನೋವು ಬಂತು, ಅವಳೂ ನಕ್ಕಳು. ಮರುದಿನ ಉಮ್ ಖಲ್ಫಾನ್ ನಮ್ಮ ಮನೆಗೆ ಬಂದು, ನಾನು ಕೊಟ್ಟ ಬಟ್ಟಲನ್ನು ನೆಲಕ್ಕಿಟ್ಟಳು.

"ಏನು ಬೇಕು ತಾಯಿ?" ಎಂದಳು ಗಾಲಿಯಾ.

"ನಿನ್ನ ಬಿಟ್ಟು ಮುಂದಿನ ಕ್ಲಾಸಿಗೆ ಹೋಗಲ್ಲ ಅಂತ ಹಟ ಹಿಡಿದಿದ್ದಾಳೆ ನನ್ನ ಶಮ್ಮಾ. ಮೊಮ್ಮಗಳ ಓದು ನಿಲ್ಲಬಾರ್ದು. ಇನ್ನೊಂದು ಸಲ ಪರೀಕ್ಷೆ ಕಟ್ಟು ಮಗಳೇ, ಪಾಸಾಗು!"

ಬೇಡಿದವರಿಗೆ "ಆಯಿತು" ಅನ್ನಲು ಗಾಲಿಯಾ ತಡಮಾಡಿದ್ದು ಜೀವಮಾನದಲ್ಲಿ ಅದೊಂದೇ ಸಲ. ನನ್ನ ಗಹ್ವಾ ಪೂರಾ ಆರಿಹೋಯಿತು. ನನಗೆ ಒಂದಿಷ್ಟೂ ಸಿಟ್ಟು ಬರಲಿಲ್ಲ.