ಅತ್ತೆಯ ಕಡುಬಿನ ಕಾವಲುಗಾರ್ತಿ

ಮಲ್ಲಂದೂರಿನ ಯಾವ ಅಡುಗೆಮನೆಯಲ್ಲಿ ಕುಕ್ಕರ್ ಸೀಟಿ ಹೊಡೆದರೂ, ಮೂರು ಎಸ್ಟೇಟ್ ಆಚೆಯಿಂದ ಸರ್ವಮಂಗಳಮ್ಮನವರು ಸೌಟು ಹಿಡಿದು ದಂಡೆತ್ತಿ ಬರುತ್ತಾರೆಂದು ಪ್ರತೀತಿ. ಕಡುಬು ಹಬೆಯಲ್ಲೇ ಬೇಯಬೇಕು, ಎಳೆಬಿದಿರಿನ ಕಳಲೆ ನೆನೆಸಿದ ನೀರನ್ನು ದಿನವೂ ಬದಲಿಸಬೇಕು. ಮದುವೆಮನೆಯ ಅಡುಗೆಯವರು ಅವರ ಅಂಗೈಗೆ ಒಂದು ಹನಿ ಸಾರು ಬಿಟ್ಟು, ತೀರ್ಪಿಗಾಗಿ ಕೈಕಟ್ಟಿ ನಿಲ್ಲುತ್ತಾರೆ. “ನಮ್ಮತ್ತೆ ಹಿಂಗೆ ಮಾಡ್ತಿರ್ಲಿಲ್ಲ ಕಣಯ್ಯ” ಎಂದರೆ ಆ ಹಂಡೆಯ ಕಥೆ ಮುಗಿಯಿತು. ಹೋಂಸ್ಟೇಗಳು ಬಂದ ಮೇಲಂತೂ ಪ್ರವಾಸಿಗರಿಗೂ ಕಡುಬು ಕಟ್ಟುವುದನ್ನು ಕಲಿಸತೊಡಗಿದರು. ಉಂಡೆ ಚಪ್ಪಟೆಯಾದರೆ, ಬೆಂಗಳೂರಿನ ದೊಡ್ಡ ಡಾಕ್ಟರಾದರೂ ಸರಿ, “ಇದೇನು ಕಡುಬೋ, ಬೆರಣಿಯೋ?” ಎಂದು ಬೈಸಿಕೊಳ್ಳಲೇಬೇಕು. ಇಷ್ಟೆಲ್ಲ ಕಾವಲು ಯಾರ ಅಡುಗೆಗೆ? ಕಡೂರಿನ ಬಯಲುಸೀಮೆಯಿಂದ ಸೊಸೆಯಾಗಿ ಬಂದ ಸರ್ವಮಂಗಳಮ್ಮನವರು, ತಮ್ಮ ಅಮ್ಮ ಕಲಿಸಿದ ಹುರುಳಿ ಸಾರನ್ನು ಮೊದಲ ಸಲ ಮಾಡಿದಾಗ, “ಹುರುಳಿ ದನಕ್ಕೆ” ಎಂದು ಅದನ್ನು ಕಲಗಚ್ಚಿನ ಬಾನಿಗೆ ಸುರಿದ ಅತ್ತೆಯ ಅಡುಗೆಗೆ. ಆಮೇಲೆ ಅತ್ತೆ ಇದ್ದಷ್ಟು ದಿನ ಆ ಮನೆಯಲ್ಲಿ ಹುರುಳಿ ಬೇಯಲಿಲ್ಲ. ಮೊನ್ನೆ ನಾನೇ ಕೆಣಕಿದೆ: “ಅತ್ತೆ ಹೋಗಿ ಎಷ್ಟೋ ವರ್ಷ ಆಯ್ತಲ್ಲ ಸರ್ವಮಂಗಳಮ್ನೋರೆ, ಇನ್ನಾದ್ರೂ ನಿಮ್ಮಮ್ಮನ ಹುರುಳಿ ಸಾರು ಮಾಡ್ಬಾರ್ದಾ?” ಅವರು ಕಡುಬಿನ ಉಂಡೆಯಿಂದ ಕಣ್ಣೆತ್ತಲಿಲ್ಲ. “ಮಾಡ್ದೆ ಮಾರಾಯ. ಅದಕ್ಕೂ ಅತ್ತೆ ಸಾರಿನ ರುಚೀನೇ ಬಂತು.”